ನೇತ್ರಾಣಿ ಯಾನ: ಕೊಟ್ಟ ಹಣಕ್ಕೆ ತಕ್ಕುದೇ?

ಕಳೆದ ದೀಪಾವಳಿಯ ನಂತರದ ಒಂದು ಸಂಜೆ ನಮ್ಮ ಕಕ್ಷಿದಾರರೊಬ್ಬರು ಕಚೇರಿಗೆ ಬಂದಿದ್ದರು. ಹುಬ್ಬಳ್ಳಿಯ ಗೋಕುಲ ರಸ್ತೆಯಲ್ಲಿ ಕೃಷಿ ಉಪಕರಣಗಳ ಬಿಡಿಭಾಗ ತಯಾರಿಸುವ ಸಣ್ಣ ಘಟಕದ ಮಾಲೀಕರು ಅವರು. ಲೆಕ್ಕಪತ್ರಗಳ ಮಾತು ಮುಗಿದ ಮೇಲೆ ಕಿಸೆಯಿಂದ ಒಂದು ಕರಪತ್ರ ತೆಗೆದು ಮೇಜಿನ ಮೇಲಿಟ್ಟರು. ಮುರುಡೇಶ್ವರದಿಂದ ನೇತ್ರಾಣಿ ದ್ವೀಪಕ್ಕೆ ದೋಣಿಯಾನ, ಮಾರ್ಗದರ್ಶಿಯೊಡನೆ ಸ್ನಾರ್ಕೆಲಿಂಗ್, ತಲೆಗೆ ಎರಡು ಸಾವಿರ ರೂಪಾಯಿ. ಘಟಕದ ಹದಿನಾಲ್ಕು ಮಂದಿ ಕೆಲಸಗಾರರನ್ನು ಕರೆದೊಯ್ಯಬೇಕೆಂಬುದು ಅವರ ವಿಚಾರ. "ಇಪ್ಪತ್ತೆಂಟು ಸಾವಿರ ಆಗ್ತೈತ್ರಿ ಸರ. ಕೊಡೂದು ಯೋಗ್ಯ ಐತೇನು, ಲೆಕ್ಕಾ ಹಾಕಿ ಹೇಳ್ರಿ" ಎಂದರು.

ಯಂತ್ರ ಕೊಳ್ಳುವಾಗ, ಗೋದಾಮು ಕಟ್ಟುವಾಗ ನಮ್ಮ ಸದಸ್ಯರು ಹತ್ತು ಸಲ ಲೆಕ್ಕ ಹಾಕುತ್ತಾರೆ. ವಿಹಾರದ ವಿಷಯ ಬಂದಾಗ ಮಾತ್ರ ಒಂದೋ "ಇರಲಿ ಬಿಡಿ" ಎಂದು ಕೊಡುತ್ತಾರೆ, ಇಲ್ಲವೇ "ದುಂದು" ಎಂದು ತಳ್ಳಿಹಾಕುತ್ತಾರೆ. ಎರಡೂ ಲೆಕ್ಕವಲ್ಲ. 2023ರ ಜನವರಿಯಲ್ಲಿ ಈ ಯಾನವನ್ನು ಸ್ವತಃ ಕೈಗೊಂಡು, ಅದರ ಲೆಕ್ಕವನ್ನು ಅರ್ಧ ತಪ್ಪಾಗಿ ಹಾಕಿ, ಒಂದು ಪಾಠ ಕಲಿತವನು ನಾನು. ಆದ್ದರಿಂದ ಅವರಿಗೆ ಹೇಳಿದ್ದನ್ನೇ ಸದಸ್ಯ ಬಾಂಧವರ ಮುಂದೆಯೂ ಇಡುತ್ತಿದ್ದೇನೆ.

ಸರಕಿನ ಸ್ವರೂಪ

ಯಾವ ಖರೀದಿಗಾದರೂ ಮೊದಲು ಸರಕು ಏನೆಂದು ತಿಳಿಯಬೇಕು. ಸ್ನಾರ್ಕೆಲಿಂಗ್ ಎಂದರೆ ಕಣ್ಣು ಮೂಗು ಮುಚ್ಚುವ ಗಾಜಿನ ಮುಖವಾಡ ಧರಿಸಿ, ಬಾಯಿಯಲ್ಲಿ ಉಸಿರುಕೊಳವೆ ಕಚ್ಚಿಕೊಂಡು, ನೀರಿನ ಮೇಲ್ಮೈಯಲ್ಲಿ ಕವುಚಿ ತೇಲುತ್ತ ಕೆಳಗಿನ ಲೋಕವನ್ನು ನೋಡುವುದು. ಗಾಳಿಯ ಸಿಲಿಂಡರ್ ಬೆನ್ನಿಗೆ ಕಟ್ಟಿಕೊಂಡು ಆಳಕ್ಕಿಳಿಯುವುದು ಸ್ಕೂಬಾ. ಅದು ಬೇರೆ, ಅದರ ಶುಲ್ಕವೂ ಬಹಳ ಹೆಚ್ಚು.

ಭಟ್ಕಳ ತಾಲ್ಲೂಕಿನ ಮುರುಡೇಶ್ವರದಿಂದ ಸಮುದ್ರದಲ್ಲಿ ಸುಮಾರು 19 ಕಿಲೋಮೀಟರ್ ದೂರದಲ್ಲಿ ನೇತ್ರಾಣಿ ಇದೆ. ಮೇಲಿನಿಂದ ನೋಡಿದರೆ ಹೃದಯದ ಆಕಾರ. ಕಡಿದಾದ ಬಂಡೆಗಳ ಈ ದ್ವೀಪದ ಸುತ್ತ ನೀರಿನಡಿಯಲ್ಲಿ ಹವಳ ಬೆಳೆದಿದೆ. ಅದನ್ನಾಶ್ರಯಿಸಿ ಚಿಟ್ಟೆ ಮೀನು, ಗಿಳಿ ಮೀನು ಮೊದಲಾದ ಬಣ್ಣಬಣ್ಣದ ಮೀನುಗಳಿವೆ. ಭಾರತೀಯ ನೌಕಾಪಡೆ ಈ ದ್ವೀಪವನ್ನು ಗುರಿ ಅಭ್ಯಾಸಕ್ಕೆ ಬಳಸಿದ್ದುಂಟು. ಪ್ರವಾಸಿಗಳನ್ನು ದ್ವೀಪದ ಮೇಲೆ ಇಳಿಸುವುದಿಲ್ಲ. ದೋಣಿ ಪಕ್ಕದಲ್ಲಿ ಲಂಗರು ಹಾಕುತ್ತದೆ, ನೀರಿಗಿಳಿದು ನೋಡಿ ಮರಳುವುದಷ್ಟೇ. ದ್ವೀಪದ ಮೇಲೆ ಸುತ್ತಾಡಿ ಊಟ ಮಾಡಿ ಬರುವ ಕಲ್ಪನೆ ಇಟ್ಟುಕೊಂಡವರಿಗೆ ಅಲ್ಲಿಯೇ ಮೊದಲ ನಿರಾಶೆ.

ಈ ಸರಕು ಹಂಗಾಮಿನದು. ಮುಂಗಾರಿನ ನಾಲ್ಕು ತಿಂಗಳು ಯಾನವಿಲ್ಲ. ಕರಾವಳಿಯಲ್ಲಿ ಯಾಂತ್ರೀಕೃತ ಮೀನುಗಾರಿಕೆಗೂ ಜೂನ್ 1ರಿಂದ ಜುಲೈ 31ರವರೆಗೆ 61 ದಿನಗಳ ನಿಷೇಧವಿರುವುದು ಸದಸ್ಯರಿಗೆ ತಿಳಿದದ್ದೇ. ಮಳೆನೀರು ತಂದ ಕೆಸರು ತಿಳಿಯಾದ ಮೇಲೆ, ಚಳಿಗಾಲದ ತಿಂಗಳುಗಳಲ್ಲಿ ನೀರು ಹೆಚ್ಚು ಪಾರದರ್ಶಕವಾಗಿರುತ್ತದೆ. ದಿನದೊಳಗೂ ಹಂಗಾಮುಂಟು. ಪಶ್ಚಿಮ ಕರಾವಳಿಯಲ್ಲಿ ಬೆಳಿಗ್ಗೆ ಕಡಲು ಶಾಂತವಾಗಿದ್ದು, ಬಿಸಿಲೇರಿದಂತೆ ಕಡಲಗಾಳಿ ಎದ್ದು ಮಧ್ಯಾಹ್ನ ಅಲೆ ಹೆಚ್ಚುತ್ತದೆ. ಹನ್ನೊಂದು ಗಂಟೆಗೆ ಹೊರಡುವ ದೋಣಿಗೂ ಏಳು ಗಂಟೆಗೆ ಹೊರಡುವ ದೋಣಿಗೂ ಶುಲ್ಕ ಒಂದೇ ಇರಬಹುದು. ಸರಕು ಒಂದೇ ಅಲ್ಲ.

ಶುಲ್ಕ ಬೇರೆ, ವೆಚ್ಚ ಬೇರೆ

ನಾವು ಹೋದದ್ದು ನಾಲ್ವರು: ನಾನು, ನನ್ನ ಪತ್ನಿ, ಮಗ ಮತ್ತು ಪತ್ನಿಯ ತಮ್ಮ. ಹುಬ್ಬಳ್ಳಿಯಿಂದ ಯಲ್ಲಾಪುರ, ಅರಬೈಲ್ ಘಟ್ಟ, ಅಂಕೋಲಾ ಮಾರ್ಗವಾಗಿ ಇನ್ನೂರು ಕಿಲೋಮೀಟರ್‌ಗೂ ಮೇಲ್ಪಟ್ಟ ಪ್ರಯಾಣ. ಬೆಳಗಿನ ದೋಣಿ ಹಿಡಿಯಬೇಕಾದರೆ ಹಿಂದಿನ ರಾತ್ರಿಯೇ ತಲುಪಿ ತಂಗಬೇಕು. ಮನೆಗೆ ಮರಳಿದ ಮೇಲೆ ಬರೆದ ಲೆಕ್ಕ ಹೀಗಿದೆ:

ಯಾನದ ಶುಲ್ಕ, 4 ಜನಕ್ಕೆ ತಲಾ ರೂ. 1,800 – ರೂ. 7,200
ಕಾರಿನ ಇಂಧನ, ಹೋಗಿಬರಲು – ರೂ. 3,100
ವಸತಿಗೃಹ, 2 ಕೋಣೆ, 1 ರಾತ್ರಿ – ರೂ. 4,400
ಊಟ, ತಿಂಡಿ – ರೂ. 2,400
ಛಾಯಾಚಿತ್ರ, ಔಷಧಿ, ಇತರೆ – ರೂ. 900
ಒಟ್ಟು – ರೂ. 18,000

ತಲಾ ರೂ. 4,500 ಆಯಿತು. ಹೊರಡುವ ಮುನ್ನ ನನ್ನ ತಲೆಯಲ್ಲಿದ್ದ ಅಂಕಿ 1,800 ಮಾತ್ರ. ಶುಲ್ಕವು ಒಟ್ಟು ವೆಚ್ಚದ ಶೇಕಡಾ 40. ಉಳಿದ ಶೇಕಡಾ 60 ಕರಪತ್ರದಲ್ಲಿ ಕಾಣದ ಭಾಗ. ಸರಕಿನ ದರದೊಡನೆ ಲಾರಿ ಬಾಡಿಗೆ, ಹಮಾಲಿ, ತೂಕದ ಖರ್ಚು ಸೇರಿಸಿ ಅಂಗಡಿ ಬಾಗಿಲಿನ ದರ ಕಟ್ಟುವ ವ್ಯಾಪಾರಿಗಳಿಗೆ ಈ ಮಾತನ್ನು ವಿವರಿಸಬೇಕಿಲ್ಲ.

ಇನ್ನು ಈ ಹಣಕ್ಕೆ ದೊರೆತದ್ದೆಷ್ಟು? ದೋಣಿಯಲ್ಲಿ ಹೋಗಲು ಸುಮಾರು ಒಂದೂವರೆ ಗಂಟೆ, ಬರಲು ಅಷ್ಟೇ. ನೀರಿನಲ್ಲಿ ಕಳೆದ ಸಮಯವೇ ಕೊಂಡ ಸರಕು. ಮಗ 45 ನಿಮಿಷ, ಮೈದುನ 45 ನಿಮಿಷ, ನಾನು 30 ನಿಮಿಷ. ಪತ್ನಿ ಸೊನ್ನೆ, ಅರ್ಧ ದಾರಿಯಲ್ಲೇ ಆಕೆಗೆ ತಲೆಸುತ್ತು, ವಾಂತಿ ಆರಂಭವಾಗಿ ಇಡೀ ಸಮಯ ದೋಣಿಯ ಅಂಚು ಹಿಡಿದು ಕುಳಿತಿದ್ದಳು. ಒಟ್ಟು 120 ನಿಮಿಷಕ್ಕೆ 18,000, ನಿಮಿಷಕ್ಕೆ ರೂ. 150. ಲೆಕ್ಕವನ್ನು ಓದಿ ಹೇಳಿದಾಗ ಪತ್ನಿ ಕೇಳಿದ್ದು ಒಂದೇ ಮಾತು: "ನನ್ನ ಪಾಲಿಂದು ಯಾವ ಖಾತೆಗೆ ಬರೀತೀರಿ?" ಉತ್ತರ ನನ್ನಲ್ಲಿರಲಿಲ್ಲ. ಬಸ್ಸಿನಲ್ಲಿ ಘಟ್ಟ ಇಳಿಯುವಾಗಲೂ ಆಕೆಗೆ ತಲೆ ತಿರುಗುವುದು ನನಗೆ ಗೊತ್ತಿತ್ತು. ತಲೆ ಎಣಿಸಿ ಹಣ ಕಟ್ಟುವ ಮುನ್ನ ಕೇಳಬೇಕಾಗಿತ್ತು.

ನಾನು ಮುಚ್ಚಿಟ್ಟ ಸಂಗತಿ

ದಡದಲ್ಲಿ ದೋಣಿ ಹತ್ತುವ ಮುನ್ನ ಎರಡು ಪುಟಗಳ ಒಂದು ನಮೂನೆ ಕೊಟ್ಟರು. ಹೃದ್ರೋಗ, ರಕ್ತದೊತ್ತಡ, ಉಬ್ಬಸ, ಮೂರ್ಛೆ ರೋಗ, ಇತ್ತೀಚಿನ ಶಸ್ತ್ರಚಿಕಿತ್ಸೆ – ಇವುಗಳ ಮುಂದೆ ಹೌದು, ಇಲ್ಲ ಎಂದು ಗುರುತು ಹಾಕಿ ಸಹಿ ಮಾಡಬೇಕು. ನಾನು ಆರು ವರ್ಷಗಳಿಂದ ರಕ್ತದೊತ್ತಡಕ್ಕೆ ಗುಳಿಗೆ ನುಂಗುತ್ತಿರುವವನು. "ಹೌದು" ಎಂದರೆ ಇಳಿಯಲು ಬಿಡಲಾರರು, ಕಟ್ಟಿದ 1,800 ಹೋಗುತ್ತದೆ ಎಂಬ ಯೋಚನೆ ಬಂತು. ಎಲ್ಲ ಸಾಲುಗಳಿಗೂ "ಇಲ್ಲ" ಎಂದು ಗೀಟು ಎಳೆದು ಸಹಿ ಹಾಕಿದೆ.

ಮೂವತ್ತು ವರ್ಷಗಳಿಂದ ಕಕ್ಷಿದಾರರಿಗೆ ನಾನು ಹೇಳುತ್ತ ಬಂದಿರುವುದು, ಮಹತ್ವದ ಸಂಗತಿಯನ್ನು ಮುಚ್ಚಿಡಬೇಡಿ ಎಂದು. ಬಾಕಿ ಸಾಲ, ನ್ಯಾಯಾಲಯದ ದಾವೆ, ಹಾಳಾದ ದಾಸ್ತಾನು – ಯಾವುದನ್ನು ಬಿಟ್ಟರೂ ನಾನು ಸಹಿ ಹಾಕುವುದಿಲ್ಲ. ಆ ದಿನ ಆ ಮರಳಿನ ಮೇಲೆ ನಿಂತು ನಾನೇ ಸುಳ್ಳು ಘೋಷಣೆಗೆ ಸಹಿ ಹಾಕಿದೆ.

ನೀರಿಗಿಳಿದ ಹತ್ತು ನಿಮಿಷದೊಳಗೆ ಒಂದು ಅಲೆ ಕೊಳವೆಯೊಳಗೆ ನೀರು ತುಂಬಿತು. ಉಸಿರೆಳೆದದ್ದು ಉಪ್ಪುನೀರು. ಕೆಮ್ಮುತ್ತ ಮುಖವಾಡವನ್ನು ಕಿತ್ತೆ, ಎದೆ ಹೊಡೆದುಕೊಳ್ಳತೊಡಗಿತು. ಮೈಮೇಲೆ ತೇಲುವ ಅಂಗಿ ಇತ್ತು, ಮುಳುಗುವ ಪ್ರಶ್ನೆ ಇರಲಿಲ್ಲ; ಆದರೆ ಅದು ಆಗ ಮನಸ್ಸಿಗೆ ಹೊಳೆಯಲಿಲ್ಲ. ಕಾಲ ಕೆಳಗೆ ನೆಲವಿಲ್ಲ ಎಂಬುದೊಂದೇ ಗೊತ್ತಿದ್ದದ್ದು. ಅಷ್ಟರಲ್ಲಿ ನಮ್ಮ ಗುಂಪಿನ ಮಾರ್ಗದರ್ಶಿ ಪಕ್ಕಕ್ಕೆ ಬಂದು ತೋಳು ಹಿಡಿದ. ಇಪ್ಪತ್ತೈದರ ಆಸುಪಾಸಿನ ಕರಾವಳಿಯ ಹುಡುಗ. "ಸರ್, ಹೆದರ್ಬೇಡಿ. ಈ ಬಳೆ ಹಿಡ್ಕೊಳ್ಳಿ. ಬಾಯಲ್ಲಿ ಉಸಿರು ತಕೊಳ್ಳಿ, ನಿಧಾನ" ಎಂದು ತೇಲುಬಳೆಯನ್ನು ಕೈಗಿತ್ತು ಐದು ನಿಮಿಷ ಏನೂ ಮಾಡದೆ ಜೊತೆಯಲ್ಲೇ ತೇಲುತ್ತಿದ್ದ. ಎದೆಬಡಿತ ಇಳಿದ ಮೇಲೆ ಕೇಳಿದ: "ಬಿಪಿ ಗುಳಿಗೆ ಉಂಟಾ ಸರ್?" ಉಂಟು ಎಂದೆ. "ಫಾರ್ಮಿನಲ್ಲಿ ಬರೆದಿದ್ದರೆ ಶುರುವಿನಿಂದಲೂ ನಿಮ್ಮ ಹತ್ತಿರವೇ ಇರುತ್ತಿದ್ದೆ" ಎಂದ. ಗದರಲಿಲ್ಲ. ನಾಚಿಕೆ ನನ್ನ ಪಾಲಿಗೆ ಉಳಿಯಿತು.

ಬಳಿಕ ಬಳೆ ಹಿಡಿದ ನನ್ನನ್ನು ಎಳೆದುಕೊಂಡು ಬಂಡೆಯ ಬದಿಯ ಶಾಂತವಾದ ನೀರಿಗೆ ಕರೆದೊಯ್ದು ಬೆರಳು ತೋರಿಸಿದ. ಅಲ್ಲಿಯವರೆಗೆ ನನಗೆ ಕಂಡದ್ದು ಮಸುಕು ನೀಲಿ ಮಾತ್ರ. ಅವನು ತೋರಿಸಿದ ಮೇಲೆ ಬಂಡೆಯ ಸಂದಿನಲ್ಲಿ ಹಳದಿ ಪಟ್ಟೆಯ ಮೀನುಗಳ ಹಿಂಡು, ಹವಳವನ್ನು ಕೊಕ್ಕಿನಂಥ ಬಾಯಿಯಿಂದ ಕೆರೆಯುವ ಗಿಳಿ ಮೀನು ಕಂಡವು. ಆ ಹದಿನೈದು ನಿಮಿಷಗಳನ್ನು ಇಂದಿಗೂ ಮರೆತಿಲ್ಲ. ಪ್ರತಿ ನಿಮಿಷಕ್ಕೆ ರೂ. 150 ದುಬಾರಿಯೆಂದು ಆ ಹದಿನೈದು ನಿಮಿಷದ ಮಟ್ಟಿಗೆ ನಾನು ಹೇಳಲಾರೆ.

ಮಾರ್ಗದರ್ಶಿಯ ಬೆಲೆ

ಮುಂಗಡ ಕಟ್ಟುವ ಮುನ್ನ ನಾನು ಇಬ್ಬರು ಸಂಚಾಲಕರನ್ನು ವಿಚಾರಿಸಿದ್ದೆ. ಒಬ್ಬರ ದರ 1,500; ಇಪ್ಪತ್ತಕ್ಕೂ ಮಿಕ್ಕಿ ಜನ, ನೀರಿನಲ್ಲಿ ಇಬ್ಬರು ಮಾರ್ಗದರ್ಶಿಗಳು. ಇನ್ನೊಬ್ಬರ ದರ 1,800. ನಾಲ್ಕು ಜನಕ್ಕೆ ಒಬ್ಬ ಮಾರ್ಗದರ್ಶಿ. ಎರಡನೆಯದನ್ನು ಆರಿಸಿದ್ದು ನನ್ನ ವಿವೇಕದಿಂದಲ್ಲ, ಮೊದಲನೆಯವರಲ್ಲಿ ಆ ದಿನ ಸ್ಥಳವಿರಲಿಲ್ಲವೆಂಬ ಕಾರಣಕ್ಕೆ. ಹತ್ತಾರು ಜನರನ್ನು ಒಬ್ಬನೇ ನೋಡಿಕೊಳ್ಳುವಲ್ಲಿ ನನ್ನ ಕೆಮ್ಮು ಅವನಿಗೆ ಎಷ್ಟು ಬೇಗ ಕೇಳಿಸುತ್ತಿತ್ತು ಎಂಬುದನ್ನು ಓದುಗರೇ ಊಹಿಸಲಿ.

ಇಲ್ಲಿ ಒಂದು ಮಾತನ್ನು ಸ್ಪಷ್ಟವಾಗಿ ಹೇಳಬೇಕು. ಇಂಥ ಯಾನದಲ್ಲಿ ನಾವು ಕೊಳ್ಳುವುದು ಮೀನಿನ ದರ್ಶನವನ್ನಲ್ಲ. ಮೀನು ಕಾಣುವುದು ಕಡಲಿನ ಕೃಪೆ, ಅದಕ್ಕೆ ಯಾರೂ ಭರವಸೆ ಕೊಡಲಾರರು. ಕೊಳ್ಳುವುದು ಮಾರ್ಗದರ್ಶಿಯ ಕಣ್ಣು ಮತ್ತು ಕೈಗಳನ್ನು. ಒಟ್ಟು ವೆಚ್ಚ ತಲಾ 4,500 ಆಗಿರುವಲ್ಲಿ 300 ರೂಪಾಯಿ ಎಂದರೆ ಶೇಕಡಾ 7ಕ್ಕಿಂತ ಕಡಿಮೆ. ಕೋಣೆಯಲ್ಲಿ ಉಳಿಸಿ, ಊಟದಲ್ಲಿ ಉಳಿಸಿ, ಮಾರ್ಗದರ್ಶಿಯಲ್ಲಿ ಉಳಿಸಬೇಡಿ.

ಕಡಲನ್ನು ಹಗುರವಾಗಿ ಎಣಿಸಬಾರದೆಂಬುದಕ್ಕೆ ಮುರುಡೇಶ್ವರದ ದಡವೇ ಸಾಕ್ಷಿ. 2024ರ ಡಿಸೆಂಬರ್‌ನಲ್ಲಿ ಶಾಲಾ ಪ್ರವಾಸಕ್ಕೆ ಬಂದಿದ್ದ ಕೋಲಾರ ಜಿಲ್ಲೆಯ ನಾಲ್ವರು ವಿದ್ಯಾರ್ಥಿನಿಯರು ಅಲ್ಲಿ ಸಮುದ್ರಪಾಲಾದರು.

ಮೂರು ಸಲ ನಿರ್ಧರಿಸಬೇಕಾದ ವ್ಯವಹಾರ

ಯಂತ್ರ ಕೊಳ್ಳುವ ನಿರ್ಧಾರ ಒಂದೇ ಸಲದ್ದು. ಕಡಲಯಾನದ ನಿರ್ಧಾರ ಮೂರು ಸಲದ್ದು: ಮುಂಗಡ ಕೊಡುವಾಗ, ಹಿಂದಿನ ಸಂಜೆ, ದೋಣಿ ಹತ್ತುವ ಮುನ್ನ. ಹಿಂದಿನ ಸಂಜೆ ಹವಾಮಾನ ನೋಡಬೇಕು. ಹೈದರಾಬಾದಿನಲ್ಲಿರುವ ಭಾರತೀಯ ಸಾಗರ ಮಾಹಿತಿ ಸೇವಾ ಕೇಂದ್ರವು ಅಲೆಯ ಎತ್ತರ, ಗಾಳಿಯ ಮುನ್ಸೂಚನೆಗಳನ್ನು ಪ್ರಕಟಿಸುತ್ತದೆ. ಹವಾಮಾನ ಇಲಾಖೆ ಮೀನುಗಾರರಿಗೆ ಎಚ್ಚರಿಕೆ ನೀಡುತ್ತದೆ. ಮೀನುಗಾರರೇ ಹೋಗದ ದಿನ ನಾವು ಹೋಗುವ ಮಾತಿಲ್ಲ. ಬೆಳಿಗ್ಗೆ ನೋಡಬೇಕಾದದ್ದು ನಮ್ಮ ಮೈಯನ್ನು: ನಿದ್ದೆ ಆಯಿತೇ, ನೆಗಡಿ ಇದೆಯೇ, ಮನಸ್ಸು ಹಿಂಜರಿಯುತ್ತಿದೆಯೇ.

ಈ ಎರಡನೆಯ, ಮೂರನೆಯ ನಿರ್ಧಾರಗಳಲ್ಲಿ ನಮ್ಮನ್ನು ದಾರಿತಪ್ಪಿಸುವುದು ಕೊಟ್ಟಾಗಿರುವ ಹಣ. ವಾಣಿಜ್ಯ ಪದವಿಯಲ್ಲಿ ಓದಿದವರಿಗೆ "ಮುಳುಗಿದ ವೆಚ್ಚ" ಎಂಬ ಮಾತು ನೆನಪಿರಬಹುದು. ಮರಳಿ ಬಾರದ ವೆಚ್ಚವನ್ನು ಮುಂದಿನ ನಿರ್ಧಾರಕ್ಕೆ ಆಧಾರವಾಗಿಸಬಾರದು ಎಂಬುದು ನಿಯಮ. ಇದನ್ನು ಪರೀಕ್ಷೆಯಲ್ಲಿ ಬರೆದು ಅಂಕ ಪಡೆದವನು ನಾನು. 1,800 ರೂಪಾಯಿಗಾಗಿ ರಕ್ತದೊತ್ತಡ ಮುಚ್ಚಿಟ್ಟವನೂ ನಾನೇ.

ಬೇರೆ ದ್ವೀಪಗಳ ಮಾತು

ನೇತ್ರಾಣಿಗೆ ಮಾರ್ಗದರ್ಶಿಯಿಲ್ಲದ ಪರ್ಯಾಯವಿಲ್ಲ. ಮುರುಡೇಶ್ವರದ ದಡದಲ್ಲೇ ಮುಖವಾಡ ಹಾಕಿಕೊಂಡು ಇಳಿದರೆ ಕಾಣುವುದು ಕದಡಿದ ಮರಳು. ಆದರೆ ಅಂಡಮಾನಿನಲ್ಲಿ, 2018ರಲ್ಲಿ ಸ್ವರಾಜ್ ದ್ವೀಪವೆಂದು ಮರುನಾಮಕರಣಗೊಂಡ ಹ್ಯಾವ್‌ಲಾಕ್‌ನ ಎಲಿಫೆಂಟ್ ಬೀಚ್‌ನಲ್ಲಿ ಹವಳ ದಡಕ್ಕೆ ಸಮೀಪದಲ್ಲೇ ಇದೆ. ಅಲ್ಲಿ ದೋಣಿಯ ದೂರ ಕಡಿಮೆ, ತಲೆಸುತ್ತು ಬರುವವರಿಗೆ ಅನುಕೂಲ. ಆದರೆ ಹೋಗಿಬರುವ ವಿಮಾನ ದರ ಸೇರಿಸಿದರೆ ನಿಮಿಷದ ಲೆಕ್ಕ ಎಲ್ಲಿಗೋ ಏರುತ್ತದೆ. ಬೇರೆ ಕಾರಣಕ್ಕೆ ಅಂಡಮಾನಿಗೆ ಹೋದವರು ಅಲ್ಲಿ ನೋಡಲಿ, ಅದಕ್ಕೆಂದೇ ಹೋಗುವವರು ಲೆಕ್ಕ ಹಾಕಲಿ.

ಈ ಸರಕು ಕೆಡುವಂಥದ್ದೂ ಹೌದು. ಸಮುದ್ರದ ನೀರು ಬಿಸಿಯಾದರೆ ಹವಳವು ತನ್ನೊಳಗಿನ ಪಾಚಿಯನ್ನು ಹೊರಹಾಕಿ ಬಿಳಿಚಿಕೊಳ್ಳುತ್ತದೆ. ಬಿಸಿ ಬಹುಕಾಲ ಮುಂದುವರಿದರೆ ಸಾಯುತ್ತದೆ. 2024ರಲ್ಲಿ ಲಕ್ಷದ್ವೀಪದ ಹವಳ ದಿಬ್ಬಗಳು ತೀವ್ರವಾಗಿ ಹೀಗೆ ಬಿಳಿಚಿಕೊಂಡವು. ಥಾಯ್ಲೆಂಡಿನ ಫಿ ಫಿ ದ್ವೀಪಸಮೂಹದ ಮಾಯಾ ಕೊಲ್ಲಿಯನ್ನು ಜನದಟ್ಟಣೆಯಿಂದ ಹವಳ ಹಾಳಾದ ಕಾರಣ 2018ರ ಜೂನ್‌ನಲ್ಲಿ ಮುಚ್ಚಿ, 2022ರ ಜನವರಿಯಲ್ಲಷ್ಟೇ ಮತ್ತೆ ತೆರೆದರು. ಹತ್ತು ವರ್ಷ ಹಿಂದಿನ ಛಾಯಾಚಿತ್ರ ನೋಡಿ ಮುಂಗಡ ಕೊಡುವುದು ಹಳೆಯ ಮಾದರಿ ನೋಡಿ ಸರಕು ಕೊಂಡಂತೆ. ನಮ್ಮ ಕಡೆಯಿಂದಲೂ ಒಂದು ಹೊಣೆಯುಂಟು: ಹವಳದ ಮೇಲೆ ಕಾಲಿಡಬಾರದು, ನೆನಪಿಗೆಂದು ತುಂಡು ತರಬಾರದು. ದಿಬ್ಬ ಕಟ್ಟುವ ಹವಳಗಳು 2001ರಿಂದ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಮೊದಲನೆಯ ಅನುಸೂಚಿಯಲ್ಲಿವೆ.

ಸಿಬ್ಬಂದಿ ಪ್ರವಾಸವಾದರೆ

ಕೆಲಸಗಾರರ ಪ್ರವಾಸದ ವೆಚ್ಚವನ್ನು ಸಿಬ್ಬಂದಿ ಕಲ್ಯಾಣದ ಖಾತೆಗೆ ಬರೆಯಬಹುದು. ಆದರೆ ಮಾಲೀಕರ ಕುಟುಂಬದ ವೆಚ್ಚವನ್ನು ಅದರೊಳಗೆ ಸೇರಿಸತಕ್ಕದ್ದಲ್ಲ. ಊಟೋಪಚಾರ, ಸಿಬ್ಬಂದಿಯ ವಿಹಾರ ಸೌಲಭ್ಯ, ದೋಣಿ ಬಾಡಿಗೆಗಳ ಮೇಲಿನ ಜಿಎಸ್‌ಟಿಗೆ 17(5)ನೇ ಕಲಮಿನ ಪ್ರಕಾರ ಸಾಮಾನ್ಯವಾಗಿ ಇನ್‌ಪುಟ್ ತೆರಿಗೆ ಜಮೆ ಸಿಗುವುದಿಲ್ಲ. ತೆರಿಗೆಯೂ ಸೇರಿದ ಮೊತ್ತವೇ ನಿಮ್ಮ ವೆಚ್ಚವೆಂದು ಎಣಿಸಿ. ಬಿಲ್ಲು ಕೇಳಿ ಪಡೆಯಿರಿ. ನಮಗೆ ಮುಂಗಡಕ್ಕೆ ರಸೀದಿ ದೊರೆತದ್ದು ಮೂರು ಸಲ ಕೇಳಿದ ಮೇಲೆ.

ಇನ್ನೂ ಮುಖ್ಯವಾದುದು ಒಪ್ಪಿಗೆ. ಮಾಲೀಕರು ಕರೆದೊಯ್ದಾಗ ಕೆಲಸಗಾರ "ಒಲ್ಲೆ" ಎನ್ನಲು ಅಳುಕುತ್ತಾನೆ. ಕಾಯಿಲೆಯನ್ನು ಹೇಳಿಕೊಳ್ಳಲು ಇನ್ನೂ ಅಳುಕುತ್ತಾನೆ. ಆದ್ದರಿಂದ ಎಲ್ಲರೆದುರು ಅಲ್ಲ, ಒಬ್ಬೊಬ್ಬರನ್ನೇ ಕೇಳಬೇಕು.

ಮುಂಗಡ ಕೊಡುವ ಮುನ್ನ

1. ಒಬ್ಬ ಮಾರ್ಗದರ್ಶಿಗೆ ಎಷ್ಟು ಜನ? ಅವರಿಗೆ ಜೀವರಕ್ಷಣೆಯ ತರಬೇತಿಯ ಪ್ರಮಾಣಪತ್ರ ಇದೆಯೇ? ಗೋವೆಯಲ್ಲಿರುವ ರಾಷ್ಟ್ರೀಯ ಜಲಕ್ರೀಡಾ ಸಂಸ್ಥೆ ಇಂಥ ತರಬೇತಿ ನೀಡುತ್ತದೆ.
2. ದೋಣಿಗೆ ಪರವಾನಗಿ, ವಿಮೆ ಇವೆಯೇ? ಪ್ರತಿಯೊಬ್ಬರ ಅಳತೆಗೂ ತೇಲುವ ಅಂಗಿ ಇದೆಯೇ?
3. ಹವಾಮಾನದಿಂದ, ಅಥವಾ ಕನಿಷ್ಠ ಸಂಖ್ಯೆಯ ಜನ ಸೇರದೆ ಯಾನ ರದ್ದಾದರೆ ಪೂರ್ತಿ ಹಣ ಮರಳುವುದೇ? ಬಾಯಿಮಾತಲ್ಲ, ಬರಹದಲ್ಲಿ ಬೇಕು.
4. ನೀರಿನಲ್ಲಿ ಎಷ್ಟು ನಿಮಿಷ? ಒಟ್ಟು ಅವಧಿ ಎಷ್ಟೆಂದಲ್ಲ.
5. ನಿಮ್ಮ ಅಪಘಾತ ವಿಮೆಯಲ್ಲಿ ಸಾಹಸ ಕ್ರೀಡೆಗಳನ್ನು ಹೊರಗಿಟ್ಟಿದ್ದಾರೆಯೇ? ಹಲವು ವಿಮಾಪತ್ರಗಳಲ್ಲಿ ಹೀಗಿರುತ್ತದೆ.
6. ರಕ್ತದೊತ್ತಡ, ಹೃದಯದ ತೊಂದರೆ ಇರುವವರು ವೈದ್ಯರನ್ನು ಕೇಳಿದ್ದಾರೆಯೇ? ನಮೂನೆಯಲ್ಲಿ ಇದ್ದದ್ದನ್ನು ಇದ್ದಂತೆ ಬರೆಯಿರಿ.

ಹಾಗಾದರೆ ಯೋಗ್ಯವೇ?

ನೀರಿಗಿಳಿಯುವ ಆಸೆ ಉಳ್ಳವರಿಗೆ, ದೋಣಿಯ ಓಲಾಟ ತಡೆಯಬಲ್ಲವರಿಗೆ, ಚಳಿಗಾಲದ ಶಾಂತ ಬೆಳಗಿನಲ್ಲಿ, ನಾಲ್ಕೈದು ಜನಕ್ಕೊಬ್ಬ ಮಾರ್ಗದರ್ಶಿ ಇದ್ದಲ್ಲಿ – ಯೋಗ್ಯ. ಇವುಗಳಲ್ಲಿ ಒಂದು ತಪ್ಪಿದರೂ ದಡದಲ್ಲಿ ಕುಳಿತು ನೋಡುವ ಕಡಲೇ ಲಾಭದಾಯಕ. ಗುಂಪಿನ ಎಲ್ಲರಿಗೂ ಒಟ್ಟಾಗಿ ಹಣ ಕಟ್ಟುವುದಂತೂ ಯಾವ ಲೆಕ್ಕದಲ್ಲೂ ಸರಿಯಲ್ಲ.

ನಮ್ಮ ಕಕ್ಷಿದಾರರು ಕಳೆದ ಡಿಸೆಂಬರ್‌ನಲ್ಲಿ ಹೋಗಿಬಂದರು. ಒಬ್ಬೊಬ್ಬರನ್ನೇ ಕೇಳಿದಾಗ ಹದಿನಾಲ್ವರಲ್ಲಿ ನೀರಿಗಿಳಿಯಲು ನಿಜವಾದ ಆಸೆ ಇದ್ದವರು ಆರು ಮಂದಿ. ಅವರಿಗೆ ಹನ್ನೆರಡು ಸಾವಿರ ಕಟ್ಟಿದರು. ಉಳಿದ ಹದಿನಾರು ಸಾವಿರದಲ್ಲಿ ಎಲ್ಲರಿಗೂ ಒಳ್ಳೆಯ ಊಟ ಹಾಕಿಸಿ, ಇಡಗುಂಜಿಯ ಗಣಪತಿ ದರ್ಶನ, ಹೊನ್ನಾವರದ ಅಪ್ಸರಕೊಂಡ ಮುಗಿಸಿಕೊಂಡು ಬಂದರು. ದೋಣಿ ಹತ್ತುವಾಗ ಆ ಆರರಲ್ಲೂ ಒಬ್ಬ ಹಿಂಜರಿದನಂತೆ. ಮಾಲೀಕರು ಒತ್ತಾಯಿಸಲಿಲ್ಲ, ಹಣವೂ ಮರಳಲಿಲ್ಲ.

ಲೆಕ್ಕದ ಚೀಟಿಗಳನ್ನು ನನ್ನ ಮುಂದಿಟ್ಟು ಅವರು ಹೇಳಿದರು: "ಆ ಎರಡ ಸಾವಿರ ಹೋತು ಅಂತ ಬರಕೊಳ್ರಿ ಸರ. ಹುಡುಗ ದಂಡಿಗೆ ಕುಂತು ನಕ್ಕೋತ ಇದ್ದಾ, ಅಷ್ಟ ಸಾಕು." ಹಾಗೆಯೇ ಬರೆದುಕೊಂಡೆ. ನಾನು ಆರು ವರ್ಷ ಗುಳಿಗೆ ನುಂಗಿಯೂ ಹಾಕಲಾರದ ಲೆಕ್ಕವನ್ನು ಅವರು ದಡದಲ್ಲಿ ನಿಂತೇ ಹಾಕಿದ್ದರು.